ಅಮ್ಮನ ಅಂಗೈ ಕದ್ದ ಮೇಷ್ಟ್ರು

ಮೊನ್ನೆ ಶಿಕಾಗೋ ಹತ್ತಿರದ ಬೋಲಿಂಗ್‌ಬ್ರೂಕಿನ ಗೆಳತಿಯ ಮನೆಯಲ್ಲಿ ಯಾರೋ ಕೆಮ್ಮಿನ ಮಿಠಾಯಿಯ ಕಾಗದ ಬಿಚ್ಚಿದರು. ನೀಲಗಿರಿ ಎಣ್ಣೆಯ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಹಲ್ಲು ಕಚ್ಚಿದೆ. ಅದು ಸದಾ ಆ ಮಿಠಾಯಿ ಚಪ್ಪರಿಸುತ್ತಿದ್ದ ನಮ್ಮ ಕವಿ ಮೇಷ್ಟ್ರ ವಾಸನೆ...

ಅಮೆರಿಕನ್ನರು, ಡೆಟ್ರಾಯಿಟ್‌ನ ಕಾರು ಕಾರ್ಖಾನೆಯ ಕಾರ್ಮಿಕನೊಬ್ಬನ ಮಗ ಅವರು. ನಾಲ್ಕಾರು ತೆಳ್ಳನೆಯ ಕವನ ಸಂಕಲನ ತಂದಿದ್ದರು; ಶಿಕಾಗೋ ಬಳಿಯ ಕಾಲೇಜೊಂದರಲ್ಲಿ ಸಂಜೆ ಇಂಗ್ಲಿಷ್ ಬರವಣಿಗೆ ಕಲಿಸುತ್ತಿದ್ದರು. ನಾನಾಗ ಅಲ್ಲೇ ಹತ್ತಿರದ ಲೊಂಬಾರ್ಡ್‌ನ ಅಪಾರ್ಟ್‌ಮೆಂಟಿನಲ್ಲಿ, ಕೆಲಸಕ್ಕೆ ಅನುಮತಿಯಿಲ್ಲದ ವೀಸಾದ ಮೇಲೆ, ಹೊತ್ತು ಹೋಗದೆ ಆ ತರಗತಿಗೆ ಸೇರಿದ್ದೆ. ಒಳ್ಳೆಯ ಮೇಷ್ಟ್ರು. ಅದನ್ನು ಇಲ್ಲವೆನ್ನಲಾಗದ್ದಕ್ಕೇ ನನಗೆ ಇನ್ನೂ ಸಿಟ್ಟು. "ನೀವು ಕಂಡಿದ್ದನ್ನ ಬರೀರಿ, ಸಾಕು," ಎನ್ನುತ್ತಿದ್ದರು.

ಹಾಗೆ ಬರೆದದ್ದು ಅಮ್ಮನ ಕವಿತೆ. ಮೈಸೂರಿನಲ್ಲಿ ಅಮ್ಮನಿಗೆ ಕಿವಿ ಪೂರ್ತಿ ಹೋದ ಮೇಲೆ, ಅಡುಗೆಮನೆಯ ಕಟ್ಟೆಗೆ ಅಂಗೈ ಊರಿ, ಅದರ ಅದುರುವಿಕೆಯಲ್ಲೇ ಕುಕ್ಕರಿನ ವಿಷಲ್ ಎಣಿಸುತ್ತಿದ್ದಳು. ಮೇಷ್ಟ್ರು ಅದನ್ನು ಎರಡು ಸಲ ಓದಿದರು. "ಇದನ್ನ ಈಗಲೇ ಎಲ್ಲೂ ಕಳಿಸ್ಬೇಡಿ. ಇನ್ನೂ ಹದಕ್ಕೆ ಬಂದಿಲ್ಲ," ಎಂದರು. ನಂಬಿದೆ.

ಅಮ್ಮ ತೀರಿಕೊಂಡ ವರ್ಷವೇ ಅವರ ಹೊಸ ಪುಸ್ತಕ ಬಂತು, ಬಹುಮಾನವೂ ಬಂತು. ಮೊದಲ ಕವಿತೆಯಲ್ಲಿ ಡೆಟ್ರಾಯಿಟ್‌ನ ಕಿವುಡಿ ತಾಯಿಯೊಬ್ಬಳು ಗೋಡೆಗೆ ಅಂಗೈಯಿಟ್ಟು ಕಾರ್ಖಾನೆಯ ಸೈರನ್ನಿನ ಸದ್ದು ಹಿಡಿಯುತ್ತಿದ್ದಳು. ಅವರ ಸ್ವಂತ ತಾಯಿಯಂತೆ!

ನಾನು ಅಳಲಿಲ್ಲ, ಯಾರಿಗೂ ದೂರಲಿಲ್ಲ. ಕಾದೆ. ಡೆಟ್ರಾಯಿಟ್ ಬಳಿಯ ರಾಚೆಸ್ಟರ್ ಹಿಲ್ಸ್‌ನಲ್ಲಿ ಅವರ ಕವಿತಾ ವಾಚನ ಇದೆಯೆಂದು ತಿಳಿದ ದಿನ ಕಾರಿನ ಕೀ ಕೈಗೆತ್ತಿಕೊಂಡೆ.

"ಒಂದು ಕವಿತೆ ಕೇಳೋಕೆ ಐದು ಗಂಟೆ ಡ್ರೈವ್ ಮಾಡ್ಬೇಕೇನೇ?" ಎಂದರು ನನ್ನ ಗಂಡ.

"ಕೇಳೋಕಲ್ಲ ರೀ, ಕೇಳಿಸೋಕೆ."

ಮೇಷ್ಟ್ರು ಆ ಕವಿತೆ ಓದಿ ಮುಗಿಸಿದಾಗ ಎದ್ದು ನಿಂತೆ. "ಸರ್, ನಿಮ್ಮ ತಾಯಿಗೆ ಕಿವಿ ಹೋಗಿದ್ದು ಯಾವಾಗ?"

ನನ್ನ ಗುರುತು ಹತ್ತಿ ಅವರ ಮುಖ ಬಿಳಿಚಿಕೊಂಡಿತು. ಅವರು ಬಾಯಿ ತೆರೆಯುವ ಮೊದಲೇ ಮುಂದಿನ ಸಾಲಿನಲ್ಲಿದ್ದ ಅವರ ಅಕ್ಕ ನಕ್ಕುಬಿಟ್ಟರು. "ನಮ್ಮಮ್ಮಂಗೆ ಕಿವುಡಾ? ಬೇಸ್‌ಮೆಂಟಲ್ಲಿ ನಾವು ಪಿಸುಗುಟ್ಟಿದ್ರೂ ಮೇಲಿಂದ ಬೈತಿದ್ರು!"

ಸಭೆಯೂ ನಕ್ಕಿತು. ಆಮೇಲೆ ಒಂದೊಂದೇ ಕಡೆಯಿಂದ ನಗು ನಿಂತಿತು.

"ಹಾಗಾದ್ರೆ ಇದು ಯಾರ ತಾಯಿ, ಸರ್?"

ಅವರು ಪುಸ್ತಕ ಮುಚ್ಚಿ ವೇದಿಕೆ ಇಳಿಯುವವರೆಗೂ ನಾನು ಕೂರಲಿಲ್ಲ. ಹೊರಗೆ ಪಾರ್ಕಿಂಗ್ ಲಾಟಿನಲ್ಲಿ ಕಾರಿಗೆ ಒರಗಿ ನಕ್ಕೆ. ಅಮ್ಮ ಹೋದ ಮೇಲೆ ಅಷ್ಟು ಹಾಯಾಗಿ ನಕ್ಕದ್ದು ಅದೇ ಮೊದಲು.

ಆಮೇಲೆ ಅವರು ಆ ಕವಿತೆಯನ್ನು ಎಲ್ಲೂ ಓದಲಿಲ್ಲವಂತೆ. ಈ ವರ್ಷ ಅವರೂ ಹೋದರು. ಕಾಲೇಜಿನ ಶ್ರದ್ಧಾಂಜಲಿ ಸಭೆಯಲ್ಲಿ ಹಳೆಯ ವಿದ್ಯಾರ್ಥಿಯೊಬ್ಬಳು ಅದನ್ನೇ ಆರಿಸಿ ಓದಿದಳು, ಜನ ಕಣ್ಣೊರೆಸಿಕೊಂಡರು. ಹಿಂದಿನ ಸಾಲಿನಲ್ಲಿದ್ದ ನಾನು ಎದ್ದು ನಿಲ್ಲಲು ಹೊರಟೆ... ಆದರೆ ಯಾರನ್ನು ಕೇಳುವುದು? ಅದು ನನ್ನದೆಂದು ಒಪ್ಪಿಕೊಳ್ಳಬಹುದಾಗಿದ್ದವರು ಅವರೊಬ್ಬರೇ. ನಾನು ಅವರನ್ನು ಕ್ಷಮಿಸಿಲ್ಲ. ಆದರೂ ಅವರು ಬದುಕಿರಬೇಕಿತ್ತು, ಇನ್ನಷ್ಟು ದಿನ, ನನಗೆ ಹೆದರಿಕೊಂಡು.