ಉಜ್ಜಕ್ಕನ ತೊಟ್ಟಿಲು

ನಮ್ಮ ತೊಳೆಮನೆಯಲ್ಲಿ ಅವಳನ್ನು ಎಲ್ಲರೂ ಉಜ್ಜಕ್ಕ ಎನ್ನುತ್ತಿದ್ದರು. ನಿಜವಾದ ಹೆಸರು ಸಂಬಳ ಕೊಡುವವನಿಗೆ ಮಾತ್ರ ಗೊತ್ತಿತ್ತೇನೋ. ಬೇರೆಯವರು ಸಾಕು ಎಂದ ಮೇಲೂ ಇನ್ನೊಂದು ಸುತ್ತು ತೊಳೆಯುವವಳು, ಹಿಡಿದದ್ದನ್ನು ಬಿಡುವ ಜಾತಿಯೇ ಅಲ್ಲ. ಅವಳ ಪಕ್ಕದ ಯಂತ್ರದ ಮುಂದೆ ಅರ್ಧ ಆಯಸ್ಸು ಕಳೆದ ನನಗೆ ಇದು ಗೊತ್ತಿರದೆ ಇನ್ಯಾರಿಗೆ ಗೊತ್ತಿರಬೇಕು?

ನಾವು ತೊಳೆಯುವುದು ಎಣ್ಣೆ ಜಿಡ್ಡನ್ನಲ್ಲ, ಕಾಲದ ಕೊಳೆಯನ್ನು. ಏನೋ ದೊಡ್ಡದು ನಡೆದುಹೋಗುವಾಗ ಕೈಯಲ್ಲಿದ್ದ ವಸ್ತುವಿಗೆ ಕೆಲವೊಮ್ಮೆ ಆ ಗಳಿಗೆಯೇ ಅಂಟಿಕೊಂಡುಬಿಡುತ್ತದೆ. ಆಮೇಲೆ ಯಾರು ಮುಟ್ಟಿದರೂ ಅಲ್ಲಿಗೇ ಹೋಗಿ ನಿಲ್ಲುತ್ತಾರೆ. ಗಂಡ ಬಿಟ್ಟುಹೋದಾಗ ಹಿಡಿದಿದ್ದ ಸೌಟು, ಅಂಗಡಿಗೆ ಬೆಂಕಿ ಬಿದ್ದಾಗ ಹಿಡಿದಿದ್ದ ಬೀಗದ ಕೈ, ಇಂಥವು ದಿನವೂ ಬರುತ್ತವೆ. ಅವನ್ನು ಡ್ರಮ್ಮಿನೊಳಗೆ ಸಣ್ಣ ಮರಳಿನಲ್ಲಿ ಹೂತು ಯಂತ್ರ ಹಾಕುತ್ತೇವೆ. ಡ್ರಮ್ಮಿಗೆ ಪಕ್ಕದಲ್ಲೊಂದು ತೂತು. ವಸ್ತು ಯಾರದೋ ಅವರು ಅದರೊಳಗೆ ಕೈ ಹಾಕಿ, ವಸ್ತುವನ್ನು ಹಿಡಿದು, ಆ ಗಳಿಗೆ ಪೂರ್ತಿ ಮುಗಿಯುವವರೆಗೆ ನಿಲ್ಲಬೇಕು. ಮುಗಿದಾಗ ಕೊಳೆ ಅಳೆಯುವ ಮೀಟರಿನ ಮುಳ್ಳು ಸೊನ್ನೆಗೆ ಬಂದು ಕೂರುತ್ತದೆ, ಕೊಳೆ ಮರಳಿಗೆ ಇಳಿಯುತ್ತದೆ. ನೆನಪು ಎಲ್ಲಿಗೂ ಹೋಗುವುದಿಲ್ಲ, ಅದರ ಹಿಡಿತ ಮಾತ್ರ ಹೋಗುತ್ತದೆ. ನಡುವೆ ಕೈ ತೆಗೆದರೋ, ಕೊಳೆ ಮೊದಲಿಗಿಂತ ಗಟ್ಟಿಯಾಗುತ್ತದೆ.

"ಕೈ ತೆಗೀಬೇಡಿ. ಅದು ಮುಗೀಲಿ." ಉಜ್ಜಕ್ಕ ಬಂದವರಿಗೆಲ್ಲ ಹೇಳುತ್ತಿದ್ದದ್ದು ಇಷ್ಟೇ. ಗೋಳಾಡುವವರಿಗೂ ಇದೇ, ಬೈಯುವವರಿಗೂ ಇದೇ.

ಅಂಥವಳ ಮನೆಯ ಅಟ್ಟದಲ್ಲಿ ಒಂದು ತೊಟ್ಟಿಲಿತ್ತು. ಮೊದಲು ಅದರಲ್ಲಿ ಮಗಳು ಮಲಗಿ ಬೆಳೆದಳು. ಆಮೇಲೆ ಹುಟ್ಟಿದ ಗಂಡುಮಗು ಒಂದು ಬೆಳಿಗ್ಗೆ ಅದರಲ್ಲೇ ಉಸಿರು ನಿಲ್ಲಿಸಿತು. ತೂಗುತ್ತಿದ್ದ ಕೈ ಉಜ್ಜಕ್ಕನದೇ. ಅಂದಿನಿಂದ ತೊಟ್ಟಿಲು ಮುಟ್ಟಿದವರ ಮೇಲೆಲ್ಲ ಆ ಬೆಳಗಿನ ನಿಶ್ಶಬ್ದ ಬಂದು ಬೀಳುತ್ತಿತ್ತು. ಮಗಳಂತೂ ಅಟ್ಟ ಹತ್ತುವುದನ್ನೇ ಬಿಟ್ಟಳು. "ಅಮ್ಮನ ಕಿವಿ ಯಾವಾಗ್ಲೂ ಅಟ್ಟದ ಕಡೆಗೇ. ಕೆಳಗೆ ನಾನೊಬ್ಬಳು ಇದೀನಿ ಅನ್ನೋದು ಅವಳಿಗೆ ನೆನಪೇ ಇರ್ಲಿಲ್ಲ," ಎಂದು ಒಮ್ಮೆ ನನ್ನ ಮುಂದೆಯೇ ಅಂದಿದ್ದಳು.

ಈಗ ಆ ಮಗಳೇ ತುಂಬಿದ ಬಸುರಿ. ಒಂದು ದಿನ ಉಜ್ಜಕ್ಕ ತೊಟ್ಟಿಲನ್ನು ಕಂಬಳಿಯಲ್ಲಿ ಸುತ್ತಿ, ಕೈಗಾಡಿಯಲ್ಲಿ ನೂಕಿಕೊಂಡು ಬಂದು ನನ್ನ ಯಂತ್ರದ ಮುಂದೆ ನಿಲ್ಲಿಸಿದಳು. ಹಿಂದೆಯೇ ಮಗಳು, ಮುಖ ಊದಿಸಿಕೊಂಡು.

ತೊಳೆಯುವವರು ತಮ್ಮ ವಸ್ತುವಿಗೆ ತಾವೇ ಯಂತ್ರ ಹಾಕಬಾರದು ಎಂಬುದು ನಮ್ಮಲ್ಲಿ ಕಟ್ಟಳೆ. ತನ್ನ ಬೆನ್ನು ತನಗೆ ಕಾಣುವುದಿಲ್ಲವಲ್ಲ. ಅದಕ್ಕೇ ನನ್ನ ಹತ್ತಿರ ಬಂದಿದ್ದಳು. ನಾನು ಮೀಟರು ಹಚ್ಚಿ ನೋಡಿದೆ. ಕೊಳೆ ಒಂದು ಸಲದ್ದಲ್ಲ, ಪದರ ಪದರವಾಗಿ ಕೂತಿತ್ತು.

"ಅಕ್ಕ, ಇದನ್ನ ಮೊದಲೇ ಯಾರೋ ತೊಳೆಯೋಕೆ ಹೋಗಿದಾರೆ."

"ನಾನೇ. ರಜಾ ದಿನಗಳಲ್ಲಿ ತಂದು ನೋಡಿದ್ದೆ. ಪ್ರತಿ ಸಲವೂ ನಡುವೆ ಕೈ ತೆಗೆದುಬಿಟ್ಟೆ."

ನನಗೆ ಮೈಯೆಲ್ಲ ಉರಿದುಹೋಯಿತು. "ಚೆನ್ನಾಗಿದೆ! ಹೇಳೋದು ಆಚಾರ, ತಿನ್ನೋದು ಬದನೆಕಾಯಿ! ಇನ್ನೊಂದು ಸಲ ಕೈ ತೆಗೆದ್ರೆ ಕೊಳೆ ಮರದ ತಿರುಳಿಗೇ ಇಳಿಯತ್ತೆ. ಆಮೇಲೆ ಪುಡಿ ಮಾಡಿ ಹೂಳೋದೇ. ಗೊತ್ತು ತಾನೆ?"

"ಗೊತ್ತು. ನಿನಗಿದನ್ನ ಕಲಿಸಿದ್ದು ಯಾರು?"

"ನೀವಾದ್ರೂ ಹೇಳಿ ಮಾವ," ಎಂದಳು ಮಗಳು. "ಒಡೆದು ಸೌದೆ ಮಾಡಿದ್ರೆ ಮುಗೀತಲ್ಲ. ಹೊಸದು ತಂದ್ರಾಯ್ತು."

"ಸೌದೆ ಮಾಡಿದ್ರೆ ಅವನು ಸತ್ತಿದ್ದೊಂದೇ ಉಳಿಯತ್ತೆ," ಎಂದಳು ಉಜ್ಜಕ್ಕ. "ಅವನು ನಕ್ಕಿದ್ದೂ ಇದರಲ್ಲೇ, ನೀನು ನಕ್ಕಿದ್ದೂ ಇದರಲ್ಲೇ. ನನ್ನ ಮೊಮ್ಮಗು ಇದರಲ್ಲೇ ಮಲಗಬೇಕು." ನನ್ನ ಕಡೆ ತಿರುಗಿದಳು. "ಯಂತ್ರ ಹಾಕೋ."

ಬೀರು, ಮಂಚಗಳನ್ನು ತೊಳೆಯುವ ದೊಡ್ಡ ಡ್ರಮ್ಮಿಗೆ ತೊಟ್ಟಿಲನ್ನು ಕಂಬಳಿಯ ಮೇಲಿಂದಲೇ ಹಿಡಿದು ಇಳಿಸಿದೆ. ಉಜ್ಜಕ್ಕ ತೂತಿನೊಳಗೆ ಕೈ ಹಾಕಿದಳು. ಆ ಗಳಿಗೆಯೊಳಗೆ ಹೋದವರು ಕಂಡದ್ದನ್ನು ಬಾಯಿಬಿಟ್ಟು ಹೇಳುತ್ತಿರಬೇಕು. ಅವರು ಎಲ್ಲಿದ್ದಾರೆಂದು ನಮಗೆ ತಿಳಿಯುವುದು ಹಾಗೆಯೇ.

"ಬೆಳಗಾಗಿದೆ. ತೂಗ್ತಿದೀನಿ. ಬಿಸಿಲು ಅವನ ಪಾದದ ಮೇಲೆ ಬಿದ್ದಿದೆ." ದನಿ ಸಣ್ಣದಾಯಿತು. "ಪಾದ ಆಡ್ತಿಲ್ಲ."

ಮುಳ್ಳು ಹೋಗಿ ಕೊನೆಗೆ ಬಡಿಯಿತು. ಅವಳ ಭುಜ ಹಿಂದಕ್ಕೆ ಸರಿಯತೊಡಗಿತು. ಪ್ರತಿ ಸಲವೂ ಕೈ ತೆಗೆದದ್ದು ಇಲ್ಲಿಯೇ ಎಂದು ನನಗೆ ಗೊತ್ತಾಯಿತು. ಹಿಡಿದು ನಿಲ್ಲಿಸೋಣವೆಂದರೆ ಮುಟ್ಟುವಂತಿಲ್ಲ, ಮುಟ್ಟಿದವರೂ ಒಳಗೆ ಹೋಗುತ್ತಾರೆ. ನಿಂತಲ್ಲಿಂದಲೇ ಗದರಿದೆ.

"ಕೈ ತೆಗೀಬೇಡಿ! ಅದು ಮುಗೀಲಿ!"

ಅವಳು ಇನ್ನೊಂದು ಕೈಯಿಂದ ಡ್ರಮ್ಮಿನ ಅಂಚು ಹಿಡಿದು, ಭುಜವನ್ನು ತೂತಿಗೆ ಒತ್ತಿ ನಿಂತಳು. ಹಲ್ಲು ಕಚ್ಚಿದ್ದು ನನಗೆ ಕೇಳಿಸಿತು. "ಇಲ್ಲ, ತೆಗೆಯಲ್ಲ. ಇಲ್ಲೇ ಇದೀನಿ ಕಂದ. ಕೆನ್ನೆ ತಣ್ಣಗಿದೆ. ಹೊದಿಕೆ ಸರಿ ಮಾಡ್ತಿದೀನಿ." ಮುಳ್ಳು ಬಹಳ ಹೊತ್ತು ಕೊನೆಯಲ್ಲೇ ನಡುಗುತ್ತಿತ್ತು. ನಾನು ನಂಬಿಕೆ ಕಳೆದುಕೊಳ್ಳುವಷ್ಟರಲ್ಲಿ ಅವಳ ಕತ್ತು ಒಂದು ಪಕ್ಕಕ್ಕೆ ತಿರುಗಿತು.

"ಯಾರೋ ಕರೀತಿದಾರೆ. ಒಳಗಿನ ಕೋಣೆಯಿಂದ. 'ಅಮ್ಮಾ, ಹಸಿವು' ಅಂತಿದಾಳೆ." ಉಸಿರೆಳೆದುಕೊಂಡಳು. "ಬಂದೆ. ಬಂದೆ ಕಣೇ ಚಿನ್ನ, ಬಂದೆ."

ಬೆಂಚಿನ ಮೇಲಿದ್ದ ಮಗಳು ಎದ್ದು ನಿಂತಳು. ಮುಳ್ಳು ಮೆಲ್ಲಗೆ ಇಳಿದು ಸೊನ್ನೆಗೆ ಬಂದು ಕೂತಿತು.

ಉಜ್ಜಕ್ಕ ಕೈ ಹೊರಗೆ ತೆಗೆದಳು. ಮೊಣಕೈವರೆಗೂ ಕಪ್ಪು ಮರಳು ಮೆತ್ತಿತ್ತು.

"ಅಮ್ಮ, ಅವತ್ತು ನೀನು ನನ್ನ ಹತ್ರ ಬಂದಿದ್ಯಾ?"

"ಬಂದಿದ್ದೆ. ಹಾಲು ಬಿಸಿ ಮಾಡಿದೆ. ಲೋಟ ನಿನ್ನ ಕೈಗಿಟ್ಟ ಮೇಲೇ ನಾನು ಅತ್ತಿದ್ದು. ಇಷ್ಟು ವರ್ಷ ನನಗೇ ಅದು ನೆನಪಿರಲಿಲ್ಲ. ಅಲ್ಲಿವರೆಗೆ ಮತ್ತೆ ಹೋಗೋ ಧೈರ್ಯ ಮಾಡಿದ್ರೆ ತಾನೆ?"

ನಾನು ತೊಟ್ಟಿಲನ್ನು ಎತ್ತಿ ನೆಲದ ಮೇಲಿಟ್ಟೆ. ಮಗಳು ಹತ್ತಿರ ಬಂದು ಬಗ್ಗಿ ನೋಡಿದಳು. ಆಮೇಲೆ ಅಂಗೈಯನ್ನು ಅದರ ಅಂಚಿಗಿಟ್ಟು ಮೆಲ್ಲಗೆ ತೂಗಿದಳು. ನಾವಿಬ್ಬರೂ ಅವಳ ಮುಖವನ್ನೇ ನೋಡುತ್ತಿದ್ದೆವು.

"ಕಿರ್ ಅನ್ನತ್ತೆ ಅಮ್ಮ."

"ಎಣ್ಣೆ ಬಿಟ್ರೆ ಸರಿಹೋಗತ್ತೆ," ಎಂದಳು ಉಜ್ಜಕ್ಕ.