ಕನ್ನಡದಾಗ ಕೇಳಿದ ಪ್ರಶ್ನೆ

ತೆರಿಗೆ ಮೇಲ್ಮನವಿ ಕೇಳುವ ನ್ಯಾಯಾಧೀಶೆಯಾಗಿ ನಾನು ಕೂತಷ್ಟು ವರ್ಷಗಳಲ್ಲಿ ಕೋರ್ಟಿನೊಳಗೆ ಕನ್ನಡ ಕಿವಿಗೆ ಬಿದ್ದದ್ದು ಒಂದೇ ಸಲ. ಅದೂ ಹಿಂದಿನ ಸಾಲಿನಿಂದ, ಕಿವಿ ಮಂದವಾದ ಮುದುಕರೊಬ್ಬರ ಜೋರು ದನಿಯಲ್ಲಿ.

ಸೊಲ್ಲಾಪುರದ ಹತ್ತಿರ, ಬೋರಾಮಣಿ ಕಡೆಯ ಜಮೀನು. ಮುದುಕರು ಅದನ್ನು ಮಾರಿದ್ದರು. ಸಾಗುವಳಿ ಹೊಲವಾಗಿದ್ದರೆ ಮಾರಿದ ದುಡ್ಡಿಗೆ ತೆರಿಗೆ ಇಲ್ಲ, ಬರೀ ಹುಲ್ಲು ಬೆಳೆಯುವ ಮಾಳವಾಗಿದ್ದರೆ ಇದೆ. ಇಲಾಖೆಯವರು ಮಾಳ ಎಂದಿದ್ದರು. ಮುದುಕರ ವಕೀಲರು ಸಾತಬಾರಾ ಉತಾರ, ಅಂದರೆ ಅಲ್ಲಿನ ಪಹಣಿ, ಮುಂದಿಟ್ಟು, ಅದರಲ್ಲಿ ಜೋಳದ ಬೆಳೆ ಎಂದು ಬರೆದಿದೆಯಲ್ಲ ಎಂದು ಇಂಗ್ಲಿಷಿನಲ್ಲಿ ವಾದಿಸುತ್ತಿದ್ದರು. ಚೆನ್ನಾಗಿಯೇ ವಾದಿಸುತ್ತಿದ್ದರು. ನನ್ನ ಜೊತೆ ಪೀಠದಲ್ಲಿದ್ದ ಇನ್ನೊಬ್ಬರು, ಉತ್ತರ ಭಾರತದ ಕಡೆಯವರು, ಒಪ್ಪಿದವರ ಹಾಗೆ ತಲೆಯಾಡಿಸುತ್ತಿದ್ದರು.

ಆಗ ಮುದುಕರು ಪಕ್ಕದಲ್ಲಿದ್ದ ಮಗನನ್ನು ಕೇಳಿದರು, “ಏನ ಹೇಳಾಕತ್ತಾನೋ ಅಂವ?”

ಮಗ ಪಿಸುಗುಟ್ಟಿದ.

“ಜ್ವಾಳಾ? ಆ ಮಾಳದಾಗ ಯಾರ ಬಿತ್ಯಾರೋ ಜ್ವಾಳಾ!”

ಮಗ ಅವರ ತೊಡೆ ಅದುಮಿದ. ಉಳಿದ ಯಾರಿಗೂ ಆ ಮಾತು ಅರ್ಥವಾಗಿರಲಿಲ್ಲ. ನನಗಾಗಿತ್ತು. ನಾನು ಅಕ್ಕಲಕೋಟದವಳು. ಚಿಕ್ಕಂದಿನಲ್ಲಿ ಕನ್ನಡ ಸಾಲಿ, ಆಮೇಲೆ ಮರಾಠಿ, ಆಮೇಲೆ ಬರೀ ಇಂಗ್ಲಿಷು. ಅವ್ವ ಹೋದ ಮೇಲೆ ಮನೆಯಲ್ಲಿ ನನ್ನೊಡನೆ ಈ ಮಾತಾಡುವವರೇ ಇರಲಿಲ್ಲ. ನನ್ನ ಮಕ್ಕಳಿಗೆ ಬರುವುದಿಲ್ಲ.

ಕೇಳಿಸದವಳ ಹಾಗೆ ಕೂರಬಹುದಿತ್ತು. ಕಟ್ಲೆಯನ್ನು ಬೇರೆ ಪೀಠಕ್ಕೆ ಕಳಿಸಲೂಬಹುದಿತ್ತು, ಆದರೆ ಅದು ಹೊಳೆದದ್ದು ಮಧ್ಯಾಹ್ನ ಡಬ್ಬಿ ಬಿಚ್ಚಿದಾಗ. ಆ ಗಳಿಗೆಯಲ್ಲಿ ನಾನು ಮುಂದಕ್ಕೆ ಬಾಗಿ ಕೇಳಿಬಿಟ್ಟೆ.

“ಅಜ್ಜಾರ, ಆ ಹೊಲದಾಗ ಏನ ಬೆಳೀತಿದ್ರಿ?”

ಮುದುಕರು ಎದ್ದು ನಿಂತು ಬಿಳಿ ಟೊಪ್ಪಿಗೆ ಸರಿಮಾಡಿಕೊಂಡರು. ಸಂತೆಯಲ್ಲಿ ಬೀಗರು ಸಿಕ್ಕವರ ಹಾಗೆ ಮುಖ ಅರಳಿತ್ತು.

“ಯವ್ವಾ, ನೀ ನಮ್ಮ ಕಡಿಯಾಕಿ ಏನ?”

“ಹೌದ್ರಿ. ಅಕ್ಕಲಕೋಟ.”

“ಅಯ್ಯ! ನಮ್ಮ ದೊಡ್ಡ ಮಗಳನ್ನ ನಾಗಣಸೂರಕ್ಕ ಕೊಟ್ಟೀವಿ.” ವಕೀಲರು ಅವರನ್ನು ಕೂರಿಸಲು ನೋಡಿದರು, ಅವರು ಕೂರಲಿಲ್ಲ. “ಅಲ್ಲೇನ ಬೆಳೀತೈತವ್ವಾ? ಹುಲ್ಲ. ನಮ್ಮಪ್ಪನ ಕಾಲಕ್ಕೂ ಹುಲ್ಲ, ನನ್ನ ಕಾಲಕ್ಕೂ ಹುಲ್ಲ. ಕುರಿಯವರು ಬರತಿದ್ರು, ಮೇಯಿಸ್ಕೊಂಡ ಹೋಗತಿದ್ರು. ನಾವೇನ ಬ್ಯಾಡ ಅಂದಿಲ್ಲ.”

ಮಗ ನೆಲ ನೋಡುತ್ತಿದ್ದ. ನಾನು ಆ ಮಾತುಗಳನ್ನು ಇಂಗ್ಲಿಷಿಗೆ ಮಾಡಿ ಸ್ಟೆನೋಗೆ ಬರೆಸಿದೆ. ಹೊರಡುವಾಗ ಮುದುಕರು ಕೈ ಮುಗಿದು, “ಭಾಳ ಛಲೋ ಆತವ್ವಾ, ನನ್ನ ಮಾತ ನಾನಽ ಹೇಳಿದಂಗಾತು” ಎಂದರು.

ಮುದುಕರ ಮೇಲ್ಮನವಿ ವಜಾ ಆಯಿತು. ತೀರ್ಪು ಬರೆದವಳು ನಾನೇ. ಕಾನೂನಿನ ಲೆಕ್ಕದಲ್ಲಿ ಅದರಲ್ಲಿ ಹುಳುಕಿಲ್ಲ, ಈಗ ಓದಿದರೂ ಸಿಗುವುದಿಲ್ಲ. ಆದರೆ ನಾನು ಪ್ರಶ್ನೆ ಹಾಕಿದ ದನಿ ನ್ಯಾಯಾಧೀಶೆಯದಾಗಿರಲಿಲ್ಲ. ಮನೆಗೆ ಬಂದವರನ್ನು ಅವ್ವ ‘ನೀರು ಕುಡೀತೀರೇನ್ರಿ’ ಎಂದು ಕೇಳುತ್ತಿದ್ದ ದನಿ ಅದು. ಇಂಗ್ಲಿಷಿನಲ್ಲಿ ಕೇಳಿದ್ದರೆ ಮುದುಕರು ಮೊದಲು ವಕೀಲರ ಮುಖ ನೋಡುತ್ತಿದ್ದರು. ಅವರು ಉತ್ತರ ಕೊಟ್ಟದ್ದು ಕೋರ್ಟಿಗಲ್ಲ, ತಮ್ಮ ಕಡೆಯ ಹೆಣ್ಣುಮಗಳಿಗೆ.

ಸೊಲ್ಲಾಪುರದಲ್ಲಿ ಚಾದರದ ಅಂಗಡಿ ಇಟ್ಟಿರುವ ನನ್ನ ತಮ್ಮ ಕೆಲವು ತಿಂಗಳ ಮೇಲೆ ಫೋನ್ ಮಾಡಿದ. “ಅಕ್ಕಾ, ಬೋರಾಮಣಿ ಕಡಿ ಮುದುಕರ ಕಟ್ಲೆ ನಿನ್ನ ಮುಂದ ಬಂದಿತ್ತೇನ?”

ಕೋರ್ಟಿನ ಮಾತು ನಾನು ಮನೆಯಲ್ಲಿ ಆಡುವವಳಲ್ಲ. ಅವನೇ ಮುಂದುವರಿಸಿದ.

“ಮಗಾ ಅವರ ಕೂಡ ಮಾತ ಬಿಟ್ಟಾನಂತ. ಕೆಲಸಾ ಕೆಡಿಸಿದಿ ಅಂತ. ಅಜ್ಜಾರು ಮಾತ್ರ ಎಲ್ಲಾರ ಮುಂದ ನಿನ್ನ ಹೊಗಳಾಕತ್ತಾರ. ‘ಆ ಮಗಳು ನಮ್ಮ ಮಾತಿನ್ಯಾಗ ಕೇಳಿದ್ಲು, ಸುಳ್ಳ ಹ್ಯಾಂಗ ಹೇಳ್ಲಿ’ ಅಂತಾರ.”

ಯಾರೋ ಬಂದರು ಎಂದು ಹೇಳಿ ಫೋನ್ ಇಟ್ಟೆ. ಯಾರೂ ಬಂದಿರಲಿಲ್ಲ. ಆಮೇಲಿನ ಸರ್ವಿಸಿನಲ್ಲಿ ನಮ್ಮ ಕಡೆಯ ಕಟ್ಲೆ ಬಂದಾಗ ನಾನು ಹಿಂದಿನ ಸಾಲಿನತ್ತ ನೋಡುತ್ತಿರಲಿಲ್ಲ. ಕೇಳುವುದನ್ನೆಲ್ಲ ವಕೀಲರನ್ನೇ ಕೇಳುತ್ತಿದ್ದೆ.

ನಿವೃತ್ತಿಯಾದ ಮೇಲೆ ಸೊಲ್ಲಾಪುರದ ಒಂದು ಮದುವೆಗೆ ಹೋಗಿದ್ದೆ. ಹುಡುಗನ ಕಡೆಯವರ ಜೊತೆ ನಿಂತು ಬಂದವರನ್ನು ಊಟಕ್ಕೆ ಕರೆಯುತ್ತಿದ್ದವನು ಆ ಮುದುಕರ ಮಗ. ನನ್ನ ಗುರುತು ಹಿಡಿದ.

“ಅಜ್ಜಾರು ಹ್ಯಾಂಗದಾರಪ್ಪಾ?” ಎಂದೆ.

“ಬರೇ ಆಹೇತ, ಮ್ಯಾಡಮ್” ಎಂದ, ಆರಾಮಾಗಿದ್ದಾರೆ ಎಂದು, ಮರಾಠಿಯಲ್ಲಿ. ದನಿಯಲ್ಲಿ ಸಿಟ್ಟಿರಲಿಲ್ಲ. ಮರಾಠಿಯಲ್ಲೇ ಊಟ ಮಾಡಿಕೊಂಡು ಹೋಗಲು ಹೇಳಿ, ನನ್ನ ಹಿಂದೆ ಬಂದವರತ್ತ ತಿರುಗಿ “ಬರ್ರಿ ಮಾವಾರ, ಬರ್ರಿ” ಎಂದ.