ಎಡಕ್ಕೆ ಬಿದ್ದ ಹೂವು

ಆಸ್ಪತ್ರೆಯಿಂದ ಫೋನ್ ಬಂದಾಗ ನಾನು ದೇವರ ದೀಪಗಳಿಗೆ ಹುಣಸೆಹುಳಿ ಹಚ್ಚುತ್ತಿದ್ದೆ. ಹೋದ ವರ್ಷ ಶಿವರಾತ್ರಿ ಕಳೆದ ಮೇಲಿನ ಮಂಗಳವಾರ, ಬೆಳಿಗ್ಗೆ ಹತ್ತು ಗಂಟೆ ಇರಬಹುದು. ಎರಡು ಕಾಲುದೀಪ, ಗಂಟೆ, ಆರತಿ ತಟ್ಟೆ ಎಲ್ಲವನ್ನೂ ಬಚ್ಚಲುಮನೆಯ ಕಲ್ಲಿನ ಮೇಲೆ ಸಾಲಾಗಿ ಇಟ್ಟು, ಹುಳಿ ಬಳಿದು, ಸ್ವಲ್ಪ ಹೊತ್ತು ಹಿಡಿಯಲಿ ಎಂದು ಕೂತಿದ್ದೆ. ನಾಳೆ ಬೆಳಿಗ್ಗೆ ಎಂಟಕ್ಕೆ ಮಂಗಳೂರಿಗೆ ಬನ್ನಿ, ಬೇರೊಬ್ಬರ ಆಪರೇಷನ್ ಮುಂದೆ ಹೋಗಿದೆ, ಆ ಜಾಗ ನಿಮ್ಮ ಯಜಮಾನರಿಗೆ ಕೊಟ್ಟಿದ್ದೇವೆ ಎಂದರು. ಹೊರಡಬೇಕಾದರೆ ಅವತ್ತು ಮಧ್ಯಾಹ್ನದ ಬಸ್ಸಿಗೇ ಹೊರಡಬೇಕು. ದೀಪಗಳನ್ನು ಹಾಗೇ ಮೂಲೆಗೆ ಸರಿಸಿ ಬಟ್ಟೆ ತುಂಬಲು ಎದ್ದೆ.

ಘಾಟಿಯ ಮೇಲಿನ ನಗರ ಎಂಬ ಊರಿನಲ್ಲಿ ನಮ್ಮದು ಹಿಟ್ಟಿನ ಗಿರಣಿ. ಇವರು ಮೂವತ್ತು ವರ್ಷದಿಂದ ಒಬ್ಬರೇ ನಡೆಸಿದ್ದು. ದೀಪಾವಳಿಯ ಹೊತ್ತಿಗೆ ಅಕ್ಕಿ ಮೂಟೆ ಎತ್ತಿ ತೊಟ್ಟಿಗೆ ಸುರಿಯುವಾಗ ಉಸಿರು ಕಟ್ಟಿ ಕೂತುಬಿಟ್ಟರು. ತೀರ್ಥಹಳ್ಳಿಯ ಡಾಕ್ಟರು ಇಸಿಜಿ ನೋಡಿ ತಡಮಾಡದೆ ಮಂಗಳೂರಿಗೆ ಬರೆದುಕೊಟ್ಟರು. ಅಲ್ಲಿ ಆಂಜಿಯೋಗ್ರಾಂ ಮಾಡಿ ಮೂರು ಕಡೆ ಬ್ಲಾಕ್ ಇದೆ, ಬೈಪಾಸ್ ಆಗಬೇಕು, ಸರದಿ ಬಂದಾಗ ಕರೆಯುತ್ತೇವೆ, ಅಲ್ಲಿಯವರೆಗೆ ಮಾತ್ರೆ ತಪ್ಪಿಸಬೇಡಿ ಎಂದರು.

ಊರಿಗೆ ಬಂದ ಮೇಲೆ ಇವರು ಅಮ್ಮನವರ ಪ್ರಸಾದ ಕೇಳದೆ ಮೈಗೆ ಕತ್ತಿ ಹಾಕಿಸಿಕೊಳ್ಳುವುದಿಲ್ಲ ಎಂದು ಹಟ ಹಿಡಿದರು. ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಬೇರೆ ಕಡೆಯ ಭಕ್ತರಿಗೆ ಹೇಳುವುದಾದರೆ, ನಮ್ಮೂರ ದೇವಸ್ಥಾನದಲ್ಲಿ ಅಮ್ಮನವರ ವಿಗ್ರಹದ ಎರಡೂ ಕಡೆ ನೀರಲ್ಲಿ ಅದ್ದಿದ ಹೂವಿನ ಎಸಳು ಅಂಟಿಸಿ, ಭಟ್ಟರು ನಮ್ಮ ಪ್ರಶ್ನೆಯನ್ನು ಅಮ್ಮನವರಿಗೆ ಅರಿಕೆ ಮಾಡುತ್ತಾರೆ. ಬಲಗಡೆಯದು ಬಿದ್ದರೆ ಹೌದು. ಎಡಗಡೆಯದು ಬಿದ್ದರೆ ಅಲ್ಲ. ಮನೆ ಕಟ್ಟುವುದಿರಲಿ, ಹೆಣ್ಣು ಕೊಡುವುದಿರಲಿ, ನಾವು ಕೇಳದೆ ಮುಂದೆ ಹೋದವರಲ್ಲ. ಅವತ್ತು ಮಗಳ ಅತ್ತೆ ಸಾಗರದಿಂದ ಬಂದಿದ್ದರಿಂದ ನನಗೆ ಹೋಗಲು ಆಗಲಿಲ್ಲ. ಇವರೊಬ್ಬರೇ ಹೋಗಿ ಬಂದರು. ಕಾಲು ತೊಳೆಯುತ್ತಾ "ಎಡ ಆಯ್ತು" ಎಂದರು. ಅಷ್ಟೇ ಮಾತು.

ಅಲ್ಲಿಂದ ನಾಲ್ಕು ತಿಂಗಳು ನಾನು ಪಟ್ಟ ಪಾಡು ಅಮ್ಮನವರಿಗೇ ಗೊತ್ತು. ಡಾಕ್ಟರು ಆಗಬೇಕು ಅನ್ನುತ್ತಾರೆ, ದೇವರು ಬೇಡ ಅನ್ನುತ್ತಾಳೆ. ದೇವರ ಮಾತನ್ನು ತೆಗೆದುಹಾಕುವ ಜಾತಿ ನನ್ನದಲ್ಲ. ಇವರ ಉಸಿರು ದಿನದಿಂದ ದಿನಕ್ಕೆ ಗಿಡ್ಡವಾಗುವುದನ್ನು ನೋಡಿಕೊಂಡು ಸುಮ್ಮನಿರಲೂ ಆಗುತ್ತಿರಲಿಲ್ಲ. ದಿನಾ ದೀಪ ಹಚ್ಚಿ ಕೇಳುತ್ತಿದ್ದುದು ಒಂದೇ: ತಾಯಿ, ನಿನ್ನ ಮಾತು ಬದಲಿಸು, ಹೂವನ್ನು ಬಲಕ್ಕೆ ಹಾಕು. ಇನ್ನೊಮ್ಮೆ ಕೇಳಿಸೋಣ ಎಂದರೆ ಇವರು ಒಪ್ಪಲಿಲ್ಲ. ಆ ದಿನಗಳಲ್ಲಿ ಇನ್ನೊಂದು ಸಂಗತಿ ನನ್ನ ಕಣ್ಣಿಗೆ ಬಿದ್ದಿತ್ತು. ಸಂಜೆ ಮಂಗಳಾರತಿಯ ಹೊತ್ತಿಗೆ ಇವರು ಗಿರಣಿಯಿಂದ ಬರುತ್ತಿರಲಿಲ್ಲ. ಕಿವಿಯ ಮೇಲೆ ಹೂವು ಇಡುವುದನ್ನೂ ಬಿಟ್ಟಿದ್ದರು. ಬೇಜಾರಿಗೆ ಹಾಗೆ ಎಂದುಕೊಂಡಿದ್ದೆ.

ಫೋನ್ ಬಂದ ದಿನ, ಬರೀ ತೋರಿಸಿಕೊಂಡು ಬರೋಣ, ನಿಮಗೆ ಬೇಡ ಎಂದರೆ ಡಾಕ್ಟರಿಗೆ ನೀವೇ ಹೇಳಿ ಎಂದು ಹೊರಡಿಸಿದೆ. ಪಕ್ಕದ ಮನೆಯ ಸುಮಿತ್ರಕ್ಕ, ದೇವರ ಮುಂದೆ ಒಂದು ಮಣ್ಣಿನ ಹಣತೆ ತಾನು ಹಚ್ಚುತ್ತೇನೆ ಎಂದು ಬೀಗದ ಕೈ ಇಸಿದುಕೊಂಡರು. ಹುಲಿಕಲ್ ಘಾಟಿ ಇಳಿಯುವಾಗ ನನಗೆ ಕಿಟಕಿ ಸೀಟು ಸಿಕ್ಕಿತು, ಇವರಿಗೆ ವಾಂತಿ ಬರಲಿಲ್ಲ. ಅಂಥ ಹೊತ್ತಿನಲ್ಲಿ ಇವೂ ಉಪಕಾರವೇ.

ಮರುದಿನ ಎಂಟಕ್ಕೆ ಡಾಕ್ಟರು ನೋಡಿದರು. ಸಂಜೆ ನಾಲ್ಕಕ್ಕೆ ಬೆಡ್ ಖಾಲಿಯಾಗುತ್ತದೆ, ಆಗ ಬಂದು ಒಪ್ಪಿಗೆಯ ಕಾಗದಕ್ಕೆ ಸಹಿ ಹಾಕಿ, ಅಲ್ಲಿಯವರೆಗೆ ಮೆಟ್ಟಿಲು ಹತ್ತದೆ ನಿಧಾನಕ್ಕೆ ಓಡಾಡಿಕೊಂಡಿರಬಹುದು ಎಂದರು. ಇವರು ಡಾಕ್ಟರ ಮುಂದೆ ತುಟಿ ಬಿಚ್ಚಲಿಲ್ಲ. ಹೊರಗೆ ಬಂದು ಕ್ಯಾಂಟೀನಿನಲ್ಲಿ ಕೂತ ಮೇಲೆ, ಎರಡು ಗಂಟೆಗೆ ಘಾಟಿ ಹತ್ತುವ ಬಸ್ಸಿದೆ, ಊರಿಗೆ ಹೋಗೋಣ ಎಂದರು. ನಾಲ್ಕು ಗಂಟೆಗೆ ಮಗಳು ಅಳಿಯ ಸಾಗರದಿಂದ ಬಂದು ಸೇರುವವರಿದ್ದರು. ಅಲ್ಲಿಯವರೆಗೆ ಇವರನ್ನು ಹೇಗೆ ಹಿಡಿದಿಟ್ಟುಕೊಳ್ಳಲಿ ಎಂದು ತಿಳಿಯದೆ ತಲೆ ಎತ್ತಿದೆ. ಎದುರಿನ ಗೋಡೆಯ ಮೇಲೆ ಬೋರ್ಡು ಇತ್ತು. ಮಂಗಳೂರು ದರ್ಶನ, ಅರ್ಧ ದಿನ, ಗೈಡ್ ಸಹಿತ, ಒಂಬತ್ತೂವರೆಯಿಂದ ಒಂದೂವರೆ.

ಆ ಊರಿಗೆ ಅದು ನಾವು ಬಂದ ಐದನೆಯ ಸಲ. ಅತ್ತೆಯ ಕಣ್ಣಿಗೆ, ನನ್ನ ಗರ್ಭಕೋಶಕ್ಕೆ, ಮಾವನವರ ಕೊನೆಗಾಲಕ್ಕೆ, ಇವರ ಆಂಜಿಯೋಗ್ರಾಂಗೆ. ನಮ್ಮ ಕಡೆಯವರಿಗೆ ಮಂಗಳೂರು ಎಂದರೆ ಆಸ್ಪತ್ರೆ, ಔಷಧಿ ಅಂಗಡಿ, ಬಸ್ ಸ್ಟ್ಯಾಂಡು. ಸಮುದ್ರದ ದಡಕ್ಕೆ ಒಮ್ಮೆಯೂ ಹೋದವರಲ್ಲ. ಒಂದೂವರೆಗೆ ಮುಗಿಯುತ್ತದೆ, ಎರಡರ ಬಸ್ಸಿಗೆ ಹೊತ್ತಿದೆ, ಒಮ್ಮೆ ಸಮುದ್ರ ನೋಡಿ ಹೋಗೋಣ ಎಂದೆ. ಇವರು ವಾಚು ನೋಡಿಕೊಂಡು ಹೂಂ ಎಂದರು.

ಬಸ್ಸಿನಲ್ಲಿ ನಾವೂ ಸೇರಿ ಹದಿನೇಳು ಜನ. ಗೈಡ್ ಪ್ರಮೀಳಾ ಎಂಬ ಐವತ್ತರ ಹತ್ತಿರದ ಹೆಂಗಸು, ಕೈಯಲ್ಲಿ ಕೆಂಪು ಕೊಡೆ. ಪ್ರತಿ ಸಲ ಬಸ್ಸು ಹೊರಡುವ ಮುಂಚೆ ಕೊಡೆಯ ತುದಿಯಿಂದ ನಮ್ಮನ್ನೆಲ್ಲ ಒಂಜಿ, ರಡ್ಡ್, ಮೂಜಿ ಎಂದು ತುಳುವಿನಲ್ಲಿ ಎಣಿಸುತ್ತಿದ್ದರು. ಮೊದಲು ಒಂದು ಚರ್ಚಿಗೆ ಕರೆದೊಯ್ದರು. ಗೋಡೆ, ಮೇಲಿನ ಮಾಡು ಎಲ್ಲ ಚಿತ್ರವೇ. ಇವರು ಕತ್ತೆತ್ತಿ ಒಂದು ನಿಮಿಷ ನೋಡಿದರು, ಆಮೇಲೆ ವಾಚು ನೋಡಿದರು. ಪ್ರಮೀಳಾ ಅವರ ಕಣ್ಣಿಗೆ ಅದು ಬಿತ್ತು.

"ಎಂತ ಅಂಕಲ್, ಆಗ್ಲಿಂದ ವಾಚೇ ನೋಡ್ತಾ ಇದ್ದೀರಿ? ನಾನು ಇಷ್ಟು ಗಂಟಲು ಹರ್ಕೊಳ್ಳುವುದು ಆ ವಾಚಿಗಾ?"

ಬಸ್ಸಿನ ಜನರೆಲ್ಲ ನಕ್ಕರು. ಇವರೂ ಸ್ವಲ್ಪ ನಕ್ಕರು. ನಾಲ್ಕು ತಿಂಗಳಲ್ಲಿ ಇವರ ಹಲ್ಲು ಕಂಡಿದ್ದು ಅದೇ ಮೊದಲು, ಅದನ್ನೂ ನಾನು ಲೆಕ್ಕಕ್ಕೆ ಇಟ್ಟುಕೊಂಡೆ.

ಆಮೇಲೆ ಕದ್ರಿ ದೇವಸ್ಥಾನ. ಇಪ್ಪತ್ತು ನಿಮಿಷ ಕೊಟ್ಟಿದ್ದರು. ಇವರು ಹೊರಗೇ ಕಟ್ಟೆಯ ಮೇಲೆ ಕೂರುತ್ತೇನೆ ಎಂದರು. ನಾನು ಒಳಗೆ ಹೋಗಿ ಕೈಮುಗಿದು, ಬಾಳೆಲೆ ತುಂಡಿನಲ್ಲಿ ಗಂಧ ಮತ್ತು ಒಂದು ಕೆಂಪು ಕೇಪಳದ ಹೂವು ಪ್ರಸಾದ ತಂದು ಇವರ ಮುಂದೆ ಹಿಡಿದೆ. ಇವರು ಕೈ ಚಾಚಲಿಲ್ಲ. ನೀನೇ ಇಟ್ಟುಕೋ ಎಂದರು. ನಾನು ಹಿಡಿದೇ ಇದ್ದೆ. ಇವರು ಮುಖ ತಿರುಗಿಸಿದರು. ಮದುವೆಯಾಗಿ ಮೂವತ್ತೊಂದು ವರ್ಷದಲ್ಲಿ ಪ್ರಸಾದ ಬೇಡ ಎಂದವರಲ್ಲ. ಜ್ವರದಲ್ಲಿ ಮಲಗಿದ್ದಾಗಲೂ ಎದ್ದು ಕೂತು ಕಣ್ಣಿಗೆ ಒತ್ತಿಕೊಂಡವರು. ಇದು ಬೇಜಾರಲ್ಲ, ಮನಸ್ಸಿನೊಳಗೆ ಎಂಥದ್ದೋ ಇದೆ ಎಂದು ನನಗೆ ಅನ್ನಿಸಿದ್ದು ಆಗ. ಹೂವನ್ನು ಸೆರಗಿನ ತುದಿಯಲ್ಲಿ ಕಟ್ಟಿಕೊಂಡೆ.

ಮುಂದಿನದು ನದಿಯ ದಡದ ಹಳೆಯ ಕಾವಲು ಬುರುಜು, ಸುಲ್ತಾನ್ ಬತ್ತೇರಿ. ಉಳಿದವರು ಮೆಟ್ಟಿಲು ಹತ್ತಿ ಮೇಲೆ ಹೋದರು. ಇವರನ್ನು ಮರದ ನೆರಳಲ್ಲಿ ಕೂರಿಸಿ, ನೀರು ತರುತ್ತೇನೆ ಎಂದು ಹೇಳಿ ನದಿಯ ಕಡೆ ಹೋಗಿ ನಮ್ಮೂರ ಭಟ್ಟರಿಗೆ ಫೋನ್ ಮಾಡಿದೆ. ನಾಲ್ಕು ಗಂಟೆಯೊಳಗೆ ಇನ್ನೊಮ್ಮೆ ಪ್ರಸಾದ ಕೇಳಿ, ಮೊದಲ ಸಲ ಎಡ ಆಗಿತ್ತಂತಲ್ಲ ಎಂದೆ.

ಭಟ್ಟರು ಹೇಳಿದರು: "ಅಲ್ಲಮ್ಮ, ಇನ್ನೂ ಆಪರೇಷನ್ ಆಗಿಲ್ವಾ? ಅಮ್ಮನವ್ರು ಅವತ್ತೇ ಹೇಳಿ ಆಯ್ತಲ್ಲ. ಆಪರೇಷನ್ ಇಲ್ದೆ ಬರೀ ಮಾತ್ರೆಲಿ ವಾಸಿ ಆಗ್ತದಾ ಅಂತ ನಿಮ್ಮನೆಯವ್ರು ಕೇಳ್ಸಿದ್ದು. ಎಡ ಬಿತ್ತು. ಇನ್ನೊಂದ್ಸಲ ಕೇಳಿ ಅಂದ್ರು. ಕೇಳ್ದೆ. ಮತ್ತೂ ಎಡವೇ."

ಫೋನ್ ಇಟ್ಟು ನಾನು ಅಲ್ಲೇ ನಿಂತೆ. ಎದುರಿಗೆ ದೋಣಿಯೊಂದು ಆಚೆ ದಡಕ್ಕೆ ಹೋಗುತ್ತಿತ್ತು. ಇವರು ನನಗೆ ಸುಳ್ಳು ಹೇಳಿರಲಿಲ್ಲ. ಉತ್ತರ ಹೇಳಿದ್ದರು, ಪ್ರಶ್ನೆಯನ್ನು ಮುಚ್ಚಿಟ್ಟಿದ್ದರು. ನಾಲ್ಕು ತಿಂಗಳು ನಾನು ಯಾವ ಮಾತನ್ನು ಬದಲಿಸು ಎಂದು ದೀಪ ಹಚ್ಚಿ ಬೇಡಿದ್ದೆನೋ ಅದು ನನ್ನ ಗಂಡನನ್ನು ಉಳಿಸುವ ಮಾತೇ ಆಗಿತ್ತು. ಅಮ್ಮ ಬದಲಿಸದೆ ಕೂತಿದ್ದಳು. ಬದಲಿಸಿದ್ದರೆ ನನ್ನ ಗತಿ ಏನು?

ಸಿಟ್ಟು ಬರಲಿಲ್ಲ ಎಂದರೆ ಸುಳ್ಳಾಗುತ್ತದೆ. ಅಲ್ಲೇ ಹೋಗಿ ಕೇಳಿಬಿಡಬೇಕು ಎಂದು ನಾಲ್ಕು ಹೆಜ್ಜೆ ಇಟ್ಟೆ. ಮರದ ಕೆಳಗೆ ಇವರು ಎದೆಯ ಮೇಲೆ ಅಂಗೈ ಇಟ್ಟುಕೊಂಡು ಕೂತಿದ್ದುದು ಕಂಡಿತು. ಜನರ ಮುಂದೆ ಇವರನ್ನು ಸಿಕ್ಕಿಹಾಕಿಸಿದರೆ ಎದ್ದು ಎರಡರ ಬಸ್ಸಿಗೆ ಹೋಗಿಬಿಡುವ ಮನುಷ್ಯ. ಅಲ್ಲಿ ನಿಂತು ನನ್ನ ಪ್ರಾರ್ಥನೆಯನ್ನು ತಿದ್ದಿಕೊಂಡೆ. ತಾಯಿ, ನೀನು ಹೇಳಬೇಕಾದ್ದು ಹೇಳಿ ಆಗಿದೆ, ಇನ್ನು ಇವರ ಬಾಯಿಂದ ಹೊರಡಿಸು ಎಂದೆ. ನೀರಿನ ಬಾಟಲಿ ಕೊಟ್ಟು ಪಕ್ಕದಲ್ಲಿ ಕೂತೆ. ಪ್ರಮೀಳಾ ಹದಿನೇಳು ಎಣಿಸಿದರು. ಬಸ್ಸು ಹೊರಟಿತು.

ಪಣಂಬೂರಿನ ಕಡಲತೀರಕ್ಕೆ ಬಂದಾಗ ಹನ್ನೆರಡೂ ಕಾಲು. ಅರ್ಧ ಗಂಟೆ ಸಮಯ, ಮೊಣಕಾಲಿಗಿಂತ ಮೇಲೆ ನೀರಿಗೆ ಇಳಿಯಬಾರದು ಎಂದರು. ಬಿಸಿಲು ಕಣ್ಣು ಬಿಡಲು ಕೊಡುತ್ತಿರಲಿಲ್ಲ. ಇವರು ಚಪ್ಪಲಿ ಬಿಟ್ಟು ಪಂಚೆ ಎತ್ತಿ ಕಟ್ಟಿ ನೀರಿನ ಅಂಚಿಗೆ ಹೋಗಿ ನಿಂತರು. ಬಹಳ ಹೊತ್ತು ನಿಂತರು. ವಾಚು ನೋಡಲಿಲ್ಲ. ನಾನೂ ಹೋಗಿ ಪಕ್ಕದಲ್ಲಿ ನಿಂತೆ. ತೆರೆ ಬಂದು ಕಾಲ ಕೆಳಗಿನ ಮರಳು ಎಳೆದುಕೊಂಡು ಹೋದಾಗ ಇವರು ವಾಲಿದರು, ನನ್ನ ಭುಜ ಹಿಡಿದುಕೊಂಡರು. ನಾನು ಸೆರಗಿನ ಗಂಟು ಬಿಚ್ಚಿ, ಬಾಡಿದ ಆ ಕೇಪಳದ ಹೂವನ್ನು ಮತ್ತೆ ಇವರ ಮುಂದೆ ಹಿಡಿದೆ.

ಇವರು ಹೂವನ್ನೇ ನೋಡಿದರು.

"ಅದನ್ನ ಮುಟ್ಟೋ ಯೋಗ್ಯತೆ ಇಲ್ಲ ಕಣೆ ನಂಗೆ. ಅಮ್ಮನವ್ರು ಬೇಡ ಅಂದಿಲ್ಲ. ನಾನು ಕೇಳಿದ್ದೇ ಬೇರೆ."

"ಹೂಂ" ಎಂದೆ.

"ಹೆದ್ರಿಕೆ ಆಯ್ತು ಮಾರಾಯ್ತಿ. ಎದೆ ಸೀಳ್ತಾರಂತೆ. ಮಲಗಿಸಿದ ಮೇಲೆ ಏಳದೇ ಹೋದ್ರೆ? ಅಮ್ಮನವ್ರ ಹೆಸರು ಹೇಳಿದ್ರೆ ನೀನು ಎದುರು ಮಾತಾಡಲ್ಲ ಅಂತ ಗೊತ್ತಿತ್ತು. ಆಮೇಲೆ ಮನೇಲಿ ದೀಪದ ಮುಂದೆ ನಿಲ್ಲಕ್ಕೇ ಆಗ್ಲಿಲ್ಲ."

"ನಂಗೆ ಗೊತ್ತು."

"ಯಾವಾಗಿಂದ?"

"ಬತ್ತೇರಿಯಿಂದ. ಭಟ್ರಿಗೆ ಫೋನ್ ಮಾಡಿದ್ದೆ."

ಇವರು ನನ್ನ ಮುಖ ನೋಡಿದರು. "ಮತ್ತೆ ಸುಮ್ನೆ ಕೂತಿದ್ಯಲ್ಲ?"

"ನೀವು ನಾಲ್ಕು ತಿಂಗ್ಳು ಕೂತಿರ್ಲಿಲ್ವಾ? ನಾನು ಅರ್ಧ ಗಂಟೆ ಕೂತೆ."

ಇವರು ನೀರಿಗೆ ಬಗ್ಗಿ ಎರಡೂ ಕೈ ತೊಳೆದುಕೊಂಡರು. ಹೂವು ಇಸಿದುಕೊಂಡು ಕಣ್ಣಿಗೆ ಒತ್ತಿ ಕಿವಿಯ ಮೇಲೆ ಇಟ್ಟುಕೊಂಡರು. ಅಷ್ಟರಲ್ಲಿ ಬಸ್ಸಿನ ಹಾರನ್ ಕೇಳಿತು. ನಾವು ಹೋಗುವ ಹೊತ್ತಿಗೆ ಉಳಿದ ಹದಿನೈದು ಜನ ಕೂತಾಗಿತ್ತು. ಪ್ರಮೀಳಾ ಕೊಡೆ ಹಿಡಿದು ಬಾಗಿಲಲ್ಲೇ ಕಾದಿದ್ದರು.

"ಬೆಳಿಗ್ಗೆಯಿಂದ ವಾಚು ನೋಡಿದವ್ರು ನೀವು, ಕಡೆಗೆ ಕಾಯಿಸಿದ್ದೂ ನೀವೇ ಅಲ್ವಾ ಅಂಕಲ್?" ಎಂದರು. ಇವರು ಪಂಚೆಯ ಅಂಚು ಹಿಂಡುತ್ತಾ, ತಪ್ಪಾಯಿತು ತಾಯಿ ಎಂದರು. ಪ್ರಮೀಳಾ ಅದನ್ನು ತಮಗೇ ಹೇಳಿದ್ದು ಎಂದುಕೊಂಡಿರಬೇಕು.

ಒಂದೂವರೆಗೆ ಬಸ್ಸು ಆಸ್ಪತ್ರೆಯ ಎದುರು ನಿಂತಿತು. ಹೋಟೆಲಿನಲ್ಲಿ ಕೂತು ಗಂಜಿ ಊಟ ಮಾಡಿದೆವು. ಎರಡು ಗಂಟೆ ಆಯಿತು, ಎರಡೂ ಕಾಲು ಆಯಿತು. ಬಸ್ಸು ಹೋಗಿರುತ್ತದೆ ಎಂದು ಇಬ್ಬರಿಗೂ ಗೊತ್ತಿತ್ತು. ನಾಲ್ಕಕ್ಕೆ ಮಗಳು ಅಳಿಯ ಬಂದರು. ಒಪ್ಪಿಗೆಯ ಕಾಗದ ಕೊಟ್ಟಾಗ ಇವರು ಕನ್ನಡಕ ಹಾಕಿಕೊಂಡು ಪೂರ್ತಿ ಓದಿ ಸಹಿ ಹಾಕಿದರು. ಕಿವಿಯ ಮೇಲಿನ ಹೂವು ತೆಗೆಯಬೇಕು ಎಂದು ನರ್ಸಮ್ಮ ಹೇಳಿದಾಗ ಅದನ್ನು ನನ್ನ ಕೈಗೆ ಕೊಟ್ಟರು.

ಗುರುವಾರ ಆಪರೇಷನ್ ಆಯಿತು. ಐದು ತಾಸು ಹಿಡಿಯಿತು. ಇನ್ನು ಸ್ವಲ್ಪ ದಿನ ತಡವಾಗಿದ್ದರೆ ಹೇಳಲಿಕ್ಕೆ ಬರುತ್ತಿರಲಿಲ್ಲ ಎಂದು ಡಾಕ್ಟರು ಹೊರಗೆ ಬಂದು ಅಳಿಯನ ಹತ್ತಿರ ಹೇಳಿದರಂತೆ. ನನಗೆ ಅದನ್ನು ಒಂದು ವಾರದ ಮೇಲೆ ತಿಳಿಸಿದರು. ಹನ್ನೆರಡನೆಯ ದಿನ ಕಾರು ಮಾಡಿಕೊಂಡು ಊರಿಗೆ ಹೊರಟೆವು. ದೇವಸ್ಥಾನದ ಮುಂದೆ ನಿಲ್ಲಿಸಿದಾಗ ಇವರಿಗೆ ಮೆಟ್ಟಿಲು ಹತ್ತಿಸಬಾರದೆಂದು ಭಟ್ಟರೇ ಪ್ರಸಾದ ಹಿಡಿದುಕೊಂಡು ಕೆಳಗೆ ಬಂದರು. ಇನ್ನು ಕೇಳಿಸುವುದು ಎಂಥದ್ದಾದರೂ ಇದೆಯಾ ಎಂದರು. ಸದ್ಯಕ್ಕೆ ಇಲ್ಲ ಭಟ್ರೆ, ಇದ್ದರೆ ಇವಳನ್ನು ಕಳಿಸುತ್ತೇನೆ ಎಂದರು ಇವರು.

ಈಗ ಗಿರಣಿ ಬೆಳಿಗ್ಗೆ ಮಾತ್ರ ನಡೆಯುತ್ತದೆ. ಮೂಟೆಯನ್ನು ತಂದವರೇ ಎತ್ತಿ ಸುರಿಯಬೇಕು, ಊರವರು ಬೇಸರಿಸಿಲ್ಲ. ಸಂಜೆ ಮಂಗಳಾರತಿಗೆ ಗಂಟೆ ಬಾರಿಸುವುದು ಇವರೇ. ಇದನ್ನು ಬರೆ, ನನ್ನ ಹಾಗೆ ಹೆದರಿದವರು ಇನ್ನೂ ಇರುತ್ತಾರೆ ಎಂದು ಹೇಳಿದ್ದೂ ಇವರೇ. ನನಗೆ ಭಕ್ತರಲ್ಲಿ ಹೇಳಲಿಕ್ಕೆ ಇರುವುದು ಇಷ್ಟು. ನಾನು ಈಗಲೂ ಪ್ರಸಾದ ಕೇಳುತ್ತೇನೆ. ಏನು ಕೇಳಿದೆ ಎಂಬುದನ್ನು ಮನೆಯವರೆಲ್ಲರ ಎದುರು ಗಟ್ಟಿಯಾಗಿ ಹೇಳಿಯೇ ಕೇಳುತ್ತೇನೆ. ಉತ್ತರ ನನಗೆ ಹಿಡಿಸದಿದ್ದರೆ ಬದಲಿಸು ಎಂದು ಬೇಡುವುದನ್ನು ಮಾತ್ರ ಬಿಟ್ಟಿದ್ದೇನೆ. ತಾಯಿಯ ಪಾದಕ್ಕೆ ನನ್ನ ನಮಸ್ಕಾರ.

ಆಸ್ಪತ್ರೆಯಿಂದ ಮನೆಗೆ ಬಂದ ದಿನ, ಸುಮಿತ್ರಕ್ಕನಿಂದ ಬೀಗದ ಕೈ ಇಸಿದುಕೊಂಡು, ಇವರನ್ನು ಮಂಚದ ಮೇಲೆ ಕೂರಿಸಿ ಬಚ್ಚಲುಮನೆಗೆ ಹೋದೆ. ದೀಪಗಳು ಮೂಲೆಯಲ್ಲಿ ಇಟ್ಟ ಹಾಗೇ ಇದ್ದವು. ಹುಳಿ ಒಣಗಿ ಕಪ್ಪಗೆ ಹಿಡಿದಿತ್ತು, ಅಂಚಿಗೆ ಹಸಿರು ಬಂದಿತ್ತು. ಇನ್ನೊಂದು ಉಂಡೆ ಹುಣಸೆಹಣ್ಣು ನೆನೆಸಿ, ಸ್ವಲ್ಪ ಉಪ್ಪು ಸೇರಿಸಿ, ಮಣೆ ಹಾಕಿಕೊಂಡು ತಿಕ್ಕಲು ಕೂತೆ.